ಹಳೆಯ ರೀಲುಗಳಿಂದ ಹೊಸ ಚಿತ್ರ

ಬೇರೆಯವರು ತೆಗೆದ ಸುದ್ದಿಚಿತ್ರಗಳ ತುಣುಕುಗಳನ್ನೇ ಜೋಡಿಸಿ ಪೂರ್ಣಪ್ರಮಾಣದ ಸಾಕ್ಷ್ಯಚಿತ್ರ ಕಟ್ಟಬಹುದೆಂದು ತೋರಿಸಿಕೊಟ್ಟ ಮೊದಲಿಗರಲ್ಲಿ ಸೋವಿಯತ್ ಸಂಕಲನಕಾರ್ತಿ ಎಸ್ಫಿರ್ ಶುಬ್ ಪ್ರಮುಖರು. ವಿದೇಶಿ ಚಿತ್ರಗಳನ್ನು ಸೋವಿಯತ್ ಪ್ರೇಕ್ಷಕರಿಗೆ ಒಗ್ಗುವಂತೆ ಕತ್ತರಿಸಿ ಜೋಡಿಸುವ ಕೆಲಸದಲ್ಲಿ ಅವರ ಕೈ ಪಳಗಿತ್ತು. ರಷ್ಯಾದಲ್ಲಿ ರೊಮಾನೊವ್ ಅರಸೊತ್ತಿಗೆಯನ್ನು ಉರುಳಿಸಿದ ಫೆಬ್ರವರಿ ಕ್ರಾಂತಿಗೆ ಹತ್ತು ವರ್ಷ ತುಂಬಿದ 1927ರಲ್ಲಿ ಅವರ ‘ರೊಮಾನೊವ್ ರಾಜವಂಶದ ಪತನ’ ತೆರೆಕಂಡಿತು. ಇದಕ್ಕಾಗಿ ಅವರು ನೋಡಿದ್ದು ಸುಮಾರು 60,000 ಮೀಟರ್ ಫಿಲ್ಮ್. ಕೊನೆಗೆ ಉಳಿಸಿಕೊಂಡದ್ದು ಸುಮಾರು 1,500 ಮೀಟರ್. ತೇವ ಹಿಡಿದ ನೆಲಮಾಳಿಗೆಗಳಲ್ಲಿ ಹಾಳಾಗುತ್ತಿದ್ದ ರೀಲುಗಳೂ, ತ್ಸಾರ್ ಎರಡನೆಯ ನಿಕೊಲಸ್‌ನ ಆಸ್ಥಾನದ ಛಾಯಾಗ್ರಾಹಕರು ತೆಗೆದ ಖಾಸಗಿ ಚಿತ್ರಗಳೂ ಅವರು ನೋಡಿದ ಫಿಲ್ಮ್‌ನಲ್ಲಿದ್ದವು.

ಅರಸನ ವೈಭವ ಮೆರೆಸಲು ತೆಗೆದ ದೃಶ್ಯಗಳೇ ಇಲ್ಲಿ ಅವನ ವಿರುದ್ಧ ಸಾಕ್ಷಿ ನುಡಿಯುತ್ತವೆ. ಹಡಗಿನ ಮೇಲೆ ಸಿರಿವಂತರು ಬೆವರು ಕಿತ್ತುಬರುವಂತೆ ಕುಣಿಯುತ್ತಾರೆ; ಮರುಕ್ಷಣವೇ ಬೆವರು ಸುರಿಸಿ ದುಡಿಯುವ ಬಡವರು. ಇದು ಮೂಕಿಚಿತ್ರ, ನಡುನಡುವಿನ ಬರಹದ ಫಲಕಗಳೇ ಚುಚ್ಚುಮಾತಾಡುತ್ತವೆ. ಇದು ಪ್ರಚಾರಚಿತ್ರವೇ, ಸಂಶಯವಿಲ್ಲ. ಆದರೂ ಶುಬ್ ದೃಶ್ಯಗಳನ್ನು ತೀರಾ ಚೂರುಚೂರು ಮಾಡದೆ, ಮುಖಗಳನ್ನು ಗಮನಿಸಲು ನೋಡುಗರಿಗೆ ಪುರಸತ್ತು ಕೊಟ್ಟರು. ಚಿತ್ರದ ಬಲವಿರುವುದು ಅಲ್ಲೇ.

ಇಷ್ಟಾಗಿಯೂ ಸೋವ್‌ಕಿನೊ ಎಂಬ ಸರ್ಕಾರಿ ಚಲನಚಿತ್ರ ಸಂಸ್ಥೆ ಅವರನ್ನು ಚಿತ್ರದ ಕರ್ತೃವೆಂದು ಒಪ್ಪಲು ನಿರಾಕರಿಸಿತು. ಕವಿ ಮಾಯಕೋವ್‌ಸ್ಕಿ ಅದನ್ನು ಬಹಿರಂಗವಾಗಿ ಖಂಡಿಸಿದರು.