ದುಡಿದ ಚೆಲುವು

ಲೇಡಿ ಡಯಾನಾ ಕೂಪರ್ ಹೆಸರು ಬಂದಾಗಲೆಲ್ಲ ಆಕೆಯ ಕಾಲದ ಇಂಗ್ಲೆಂಡಿನ ಅಪ್ರತಿಮ ಸುಂದರಿ ಎಂಬ ಮಾತು ಬರುತ್ತದೆ. ಈ ಹೊಗಳಿಕೆ ಆಕೆಯ ದುಡಿಮೆಯನ್ನು ಮರೆಮಾಡಿದೆ. 1892ರಲ್ಲಿ ರಟ್ಲೆಂಡ್ ಡ್ಯೂಕರ ಮನೆತನದಲ್ಲಿ ಹುಟ್ಟಿದ ಮಗಳಿಗೆ ತಾಯಿ ಬಯಸಿದ್ದು ರಾಜಕುಮಾರನ ಸಂಬಂಧ. ಮಗಳಾದರೋ ಮೊದಲ ಮಹಾಯುದ್ಧದಲ್ಲಿ ತಾಯಿಯ ವಿರೋಧ ಲೆಕ್ಕಿಸದೆ ಲಂಡನ್ನಿನ ಗೈಸ್ ಆಸ್ಪತ್ರೆಯಲ್ಲಿ ಗಾಯಾಳುಗಳ ಶುಶ್ರೂಷೆಗೆ ನಿಂತಳು. 1919ರಲ್ಲಿ, ಆಸ್ತಿಯೂ ಬಿರುದೂ ಇಲ್ಲದ ಡಫ್ ಕೂಪರ್‌ನನ್ನು ಮದುವೆಯಾದಳು.

ಚಿತ್ರಕಾರರಿಗೂ ಸೆಸಿಲ್ ಬೀಟನ್‌ನಂಥ ಛಾಯಾಗ್ರಾಹಕರಿಗೂ ರೂಪದರ್ಶಿಯಾದ ಆ ಮುಖವನ್ನು ಆಕೆ ಸಂಪಾದನೆಗೂ ಬಳಸಿದಳು. ನಿರ್ದೇಶಕ ಮ್ಯಾಕ್ಸ್ ರೈನ್‌ಹಾರ್ಟ್ 1924ರಲ್ಲಿ ನ್ಯೂಯಾರ್ಕಿನಲ್ಲಿ ಆಡಿಸಿದ ‘ದಿ ಮಿರಾಕಲ್’ ಮೂಕನಾಟಕ. ಅದರಲ್ಲಿ ಆಕೆ ಮೇರಿ ಮಾತೆಯ ವಿಗ್ರಹ. ಭಾರದ ಉಡುಪಿನಲ್ಲಿ ಅಲುಗಾಡದೆ ನಿಂತಿದ್ದು, ಸರಿಯಾದ ಗಳಿಗೆಯಲ್ಲಿ ಜೀವ ತಳೆದು ಪೀಠದಿಂದ ಇಳಿಯಬೇಕು. ಮಾತಿನ ಆಸರೆ ಇಲ್ಲ, ಎಲ್ಲವನ್ನೂ ಕೈ, ಕಣ್ಣು, ಕತ್ತಿನ ಬಾಗುವಿಕೆಯಲ್ಲೇ ಹೇಳಬೇಕು. ಈ ಗಳಿಕೆಯ ಬಲದಿಂದಲೇ ಗಂಡ ವಿದೇಶಾಂಗ ಇಲಾಖೆಯ ನೌಕರಿ ಬಿಟ್ಟು, ಅದೇ ವರ್ಷ ಓಲ್ಡಮ್‌ನಿಂದ ಸಂಸತ್ತಿಗೆ ಆರಿಸಿಬಂದ. ಕುಲೀನೆ ಎಂಬ ಕುತೂಹಲಕ್ಕೇ ಜನ ಟಿಕೆಟ್ ಕೊಂಡರು ಎಂದು ಆಕ್ಷೇಪಿಸಬಹುದು. ಅದರಲ್ಲಿ ಸತ್ಯವಿದೆ, ಬಡ ನಟಿಗೆ ಆ ಬಾಗಿಲು ಅಷ್ಟು ಸುಲಭವಾಗಿ ತೆರೆಯುತ್ತಿರಲಿಲ್ಲ. ಆದರೆ ಕುತೂಹಲ ಎಷ್ಟು ದಿನ ಬಾಳೀತು? ಆಕೆ ವರ್ಷಗಳ ಕಾಲ ಅಮೆರಿಕ, ಯುರೋಪಿನ ಊರೂರು ಸುತ್ತಿ ಆ ಪಾತ್ರ ಮಾಡಿದಳು. 1938ರಲ್ಲಿ ಹಿಟ್ಲರನೊಂದಿಗಿನ ಮ್ಯೂನಿಕ್ ಒಪ್ಪಂದವನ್ನು ವಿರೋಧಿಸಿ ಮಂತ್ರಿಪದವಿ ತೊರೆದ ಡಫ್ ಕೂಪರ್‌ನ ರಾಜಕೀಯ ಜೀವನವನ್ನು ಬರೆಯುವವರು ಆ ರಂಗದ ಸಂಬಳವನ್ನೂ ಲೆಕ್ಕಕ್ಕೆ ಹಿಡಿಯಬೇಕು.