ಸ್ವಿಸ್ ಗಡಿಯಾರ: ಸಂಖ್ಯೆ ಇಳಿದಂತೆ ಏರಿದ ಬೆಲೆ

2000ನೇ ಇಸವಿಯಲ್ಲಿ ಸ್ವಿಟ್ಜರ್‌ಲೆಂಡ್ ಸುಮಾರು ಮೂರು ಕೋಟಿ ಕೈಗಡಿಯಾರಗಳನ್ನು ಹೊರದೇಶಗಳಿಗೆ ಮಾರಿತು. ಆ ವರ್ಷ ಅದರ ಗಡಿಯಾರ ಉದ್ಯಮದ ರಫ್ತು ಗಳಿಕೆ ಸಾವಿರ ಕೋಟಿ ಫ್ರಾಂಕಿಗಿಂತ ತುಸು ಹೆಚ್ಚು. 2024ರಲ್ಲಿ ರಫ್ತಾದ ಗಡಿಯಾರಗಳ ಸಂಖ್ಯೆ 1.53 ಕೋಟಿ; ಗಳಿಕೆ 2,600 ಕೋಟಿ ಫ್ರಾಂಕ್. ಸರಕು ಅರ್ಧಕ್ಕೆ ಇಳಿದಿದೆ, ಹಣ ಎರಡೂವರೆ ಪಟ್ಟಾಗಿದೆ. ಕಾಲು ಶತಮಾನದಲ್ಲಿ ಉತ್ಪಾದನೆ ಅರ್ಧಕ್ಕೆ ಕುಸಿದ ಕಾರ್ಖಾನೆಯನ್ನು ನಮ್ಮಲ್ಲಿ ರೋಗಗ್ರಸ್ತ ಉದ್ಯಮವೆಂದು ಘೋಷಿಸಿ ಸಮಿತಿಯೊಂದರ ಮುಂದೆ ಕಳುಹಿಸುತ್ತೇವೆ. ಜಿನೀವಾದಲ್ಲಿ ಅದನ್ನೇ ಯಶಸ್ಸೆಂದು ಎಣಿಸಲಾಗುತ್ತದೆ.

ಈ ವಿಚಿತ್ರ ಅಂಕಗಣಿತ ನಮಗೇಕೆ ಎಂದು ಓದುಗರು ಕೇಳಬಹುದು. ಭಾರತವು ಸ್ವಿಟ್ಜರ್‌ಲೆಂಡ್, ನಾರ್ವೆ, ಐಸ್‌ಲೆಂಡ್ ಮತ್ತು ಲಿಕ್ಟೆನ್‌ಸ್ಟೈನ್ ದೇಶಗಳ ಕೂಟದೊಂದಿಗೆ 2024ರ ಮಾರ್ಚ್‌ನಲ್ಲಿ ಸಹಿ ಹಾಕಿದ ವ್ಯಾಪಾರ ಒಪ್ಪಂದ 2025ರ ಅಕ್ಟೋಬರ್ 1ರಂದು ಜಾರಿಗೆ ಬಂತು. ಅದರಂತೆ ಸ್ವಿಸ್ ಗಡಿಯಾರಗಳ ಮೇಲಿನ ಶೇ 20ರ ಮೂಲ ಆಮದು ಸುಂಕ ಏಳು ವರ್ಷಗಳಲ್ಲಿ ಹಂತಹಂತವಾಗಿ ಶೂನ್ಯವಾಗಬೇಕು. ಬೆಂಗಳೂರಿನಂತಹ ನಗರಗಳ ಮಾಲ್‌ಗಳಲ್ಲಿ ಐಷಾರಾಮಿ ಗಡಿಯಾರದ ಮಳಿಗೆಗಳು ಹೆಚ್ಚುತ್ತಿರುವಾಗಲೇ ಬಂದ ಒಪ್ಪಂದವಿದು. ಯಾರಿಗಾಗಿ ಸುಂಕ ಬಿಟ್ಟುಕೊಡುತ್ತಿದ್ದೇವೆ, ಪ್ರತಿಯಾಗಿ ಏನು ಪಡೆಯುತ್ತೇವೆ ಎಂದು ಅರಿಯಬೇಕಾದರೆ ಈ ಉದ್ಯಮದ ನಡೆಯನ್ನು ಸ್ವಲ್ಪ ನೋಡಬೇಕು.

ಮೊದಲಿಗೆ ಒಂದು ಸರಳ ಸಂಗತಿ. ಸ್ವಿಸ್ ಯಾಂತ್ರಿಕ ಗಡಿಯಾರಗಳ ನಿಖರತೆಯನ್ನು ಪರೀಕ್ಷಿಸಿ ಪ್ರಮಾಣಪತ್ರ ಕೊಡುವ ಸಂಸ್ಥೆಯೊಂದಿದೆ. ಅದರ ಮಾನದಂಡದಂತೆ ಒಳ್ಳೆಯ ಗಡಿಯಾರವೊಂದು ದಿನಕ್ಕೆ ನಾಲ್ಕು ಸೆಕೆಂಡ್ ಹಿಂದೆ ಅಥವಾ ಆರು ಸೆಕೆಂಡ್ ಮುಂದೆ ಓಡಬಹುದು. ಫುಟ್‌ಪಾತಿನಲ್ಲಿ ಕೆಲವು ನೂರು ರೂಪಾಯಿಗೆ ಸಿಗುವ ಕ್ವಾರ್ಟ್ಜ್ ಗಡಿಯಾರದಲ್ಲಿ ತಿಂಗಳಿಗೆ ಹದಿನೈದು ಸೆಕೆಂಡ್ ಹೆಚ್ಚು ಕಡಿಮೆಯಾದೀತು. ಹತ್ತು ಲಕ್ಷ ರೂಪಾಯಿ ತೆತ್ತವನಿಗೆ ಕೆಲವು ನೂರು ರೂಪಾಯಿ ಕೊಟ್ಟವನಿಗಿಂತ ಕಡಿಮೆ ನಿಖರವಾದ ಸಮಯ ಸಿಗುತ್ತದೆ ಎಂದಾಯಿತು. ಹಾಗಾದರೆ ಆತ ಕೊಳ್ಳುತ್ತಿರುವುದು ಸಮಯವನ್ನಲ್ಲ.

ಇದು ಮೊದಲಿನಿಂದ ಹೀಗಿರಲಿಲ್ಲ. 1969ರ ಡಿಸೆಂಬರ್ 25ರಂದು ಜಪಾನಿನ ಸೀಕೊ ಕಂಪನಿ ‘ಆಸ್ಟ್ರಾನ್’ ಎಂಬ ಕ್ವಾರ್ಟ್ಜ್ ಕೈಗಡಿಯಾರವನ್ನು ಮಾರುಕಟ್ಟೆಗೆ ತಂದಾಗ ಸ್ವಿಸ್ಸರು ಇನ್ನೂ ಜಗತ್ತಿಗೆ ಸಮಯ ತೋರಿಸುವ ಕಸುಬಿನಲ್ಲಿದ್ದರು. ಮುಂದಿನ ಹದಿನೈದು ವರ್ಷಗಳಲ್ಲಿ ಆ ಕಸುಬು ನೆಲಕಚ್ಚಿತು. 1970ರಲ್ಲಿ ಸುಮಾರು 90 ಸಾವಿರ ಜನರಿಗೆ ಅನ್ನ ಕೊಡುತ್ತಿದ್ದ ಉದ್ಯಮದಲ್ಲಿ ಎಂಬತ್ತರ ದಶಕದ ನಡುವಿನ ಹೊತ್ತಿಗೆ ಉಳಿದವರು ಮೂರನೇ ಒಂದು ಭಾಗಕ್ಕಿಂತ ತುಸು ಹೆಚ್ಚು ಮಂದಿ. ಜ್ಯುರಾ ಪರ್ವತದ ಕಣಿವೆಗಳಲ್ಲಿ ಊರಿಗೆ ಊರೇ ಕೆಲಸ ಕಳೆದುಕೊಂಡಿತು.

ಆಗ ಎರಡು ಹಾದಿಗಳು ತೆರೆದುಕೊಂಡವು. ನಿಕೊಲಸ್ ಹಯೆಕ್ ಎಂಬ ಸಲಹೆಗಾರ ಮುಳುಗುತ್ತಿದ್ದ ಎರಡು ದೊಡ್ಡ ಸಮೂಹಗಳನ್ನು ಒಂದುಗೂಡಿಸಿದ. 1983ರಲ್ಲಿ ಮಾರುಕಟ್ಟೆಗೆ ಬಂದ ಅಗ್ಗದ, ಬಣ್ಣಬಣ್ಣದ ಪ್ಲಾಸ್ಟಿಕ್ ‘ಸ್ವಾಚ್’ ಜಪಾನೀಯರಿಗೆ ಅವರದೇ ಅಂಗಳದಲ್ಲಿ ಉತ್ತರ ಕೊಟ್ಟಿತು. ಅದೇ ಹೊತ್ತಿಗೆ ಜಾನ್-ಕ್ಲಾಡ್ ಬಿವೆ ಎಂಬ ಇನ್ನೊಬ್ಬ ಚತುರ, ನಿಂತುಹೋಗಿದ್ದ ‘ಬ್ಲಾಂಕ್‌ಪೇನ್’ ಎಂಬ ಹಳೆಯ ಹೆಸರನ್ನು ಪಾಲುದಾರನೊಂದಿಗೆ ಅಲ್ಪ ಬೆಲೆಗೆ ಕೊಂಡು, ತಾನು ಎಂದೂ ಕ್ವಾರ್ಟ್ಜ್ ಮಾಡುವುದಿಲ್ಲವೆಂದು ಸಾರಿ, ಹಳೆಯ ಯಂತ್ರವನ್ನೇ ಹೆಚ್ಚು ಬೆಲೆಗೆ ಮಾರತೊಡಗಿದ. ಹಿಂದುಳಿದ ತಂತ್ರಜ್ಞಾನವೇ ಹಿರಿಮೆಯಾಯಿತು. 1992ರಲ್ಲಿ ಆ ಹೆಸರನ್ನು ಹಯೆಕ್‌ನ ಸಮೂಹವೇ ಕೋಟಿಗಟ್ಟಲೆ ಫ್ರಾಂಕ್ ಕೊಟ್ಟು ಕೊಂಡಿತು. ಮುಂದಿನ ಮೂರು ದಶಕಗಳಲ್ಲಿ ಇಡೀ ಉದ್ಯಮ ನಡೆದದ್ದು ಬಿವೆಯ ಹಾದಿಯಲ್ಲಿ.

ಅರ್ಥಶಾಸ್ತ್ರದ ವಿದ್ಯಾರ್ಥಿಗಳಿಗೆ ಥೋರ್‌ಸ್ಟೈನ್ ವೆಬ್ಲೆನ್ ಪರಿಚಿತ ಹೆಸರು. ಸಂಪತ್ತು ಇದ್ದರೆ ಸಾಲದು, ಅದು ನಾಲ್ಕು ಜನರ ಕಣ್ಣಿಗೆ ಬೀಳಬೇಕು; ಆಗಲೇ ಗೌರವ ಎಂದು ಆತ 1899ರಷ್ಟು ಹಿಂದೆಯೇ ವಾದಿಸಿದ್ದ. ಬೆಲೆ ಏರಿದರೆ ಬೇಡಿಕೆ ಇಳಿಯುತ್ತದೆ ಎಂಬ ತರಗತಿಯ ಮೊದಲ ಪಾಠ ಇಂತಹ ವಸ್ತುಗಳಿಗೆ ಪೂರ್ತಿಯಾಗಿ ಅನ್ವಯಿಸುವುದಿಲ್ಲ. ಇಲ್ಲಿ ಬೆಲೆಯೂ ವಸ್ತುವಿನ ಗುಣಗಳಲ್ಲೊಂದು. ಅದನ್ನು ಇಳಿಸಿದರೆ ವಸ್ತುವಿನ ಒಂದು ಭಾಗವನ್ನೇ ಕಿತ್ತಂತೆ.

ಆದ್ದರಿಂದಲೇ ಈ ವ್ಯಾಪಾರದಲ್ಲಿ ಗೋದಾಮಿನಲ್ಲಿ ಉಳಿದ ಸರಕಿಗೆ ರಿಯಾಯಿತಿ ಮಾರಾಟ ಮಾಡುವುದು ಮಹಾಪಾಪ. ಕಾರ್ಟಿಯೇ ಮೊದಲಾದ ಹೆಸರುಗಳ ಒಡೆತನವಿರುವ ರಿಶ್ಮೋನ್ ಸಮೂಹ, ಏಷ್ಯಾದಲ್ಲಿ ವ್ಯಾಪಾರಿಗಳ ಬಳಿ ಉಳಿದ ಗಡಿಯಾರಗಳು ಅಗ್ಗದ ಮಾರುಕಟ್ಟೆಗೆ ಜಾರದಿರಲೆಂದು, 2018ಕ್ಕೆ ಹಿಂದಿನ ಎರಡು ವರ್ಷಗಳಲ್ಲಿ 48 ಕೋಟಿ ಯೂರೋಗಳಷ್ಟು ಮೌಲ್ಯದ ಸರಕನ್ನು ತಾನೇ ಮರಳಿ ಪಡೆಯಿತು. ಅದರಲ್ಲಿ ಬಹಳಷ್ಟನ್ನು ಬಿಚ್ಚಿ, ಲೋಹ ಮತ್ತು ರತ್ನಗಳನ್ನು ಬೇರ್ಪಡಿಸಲಾಯಿತು. ಬೆಲೆ ಕುಸಿಯದಿರಲೆಂದು ಟೊಮೆಟೊವನ್ನು ರಸ್ತೆಗೆ ಸುರಿಯುವ ಕೋಲಾರದ ರೈತನ ಬಗ್ಗೆ ನಾವು ಮರುಗುತ್ತೇವೆ. ಇದು ಅದೇ ತರ್ಕ. ಒಂದೇ ವ್ಯತ್ಯಾಸವೆಂದರೆ ರೈತನಿಗೆ ಬೆಲೆಯ ಮೇಲೆ ಹಿಡಿತವಿಲ್ಲ, ಇವರಿಗಿದೆ.

ಕೊರತೆಯನ್ನೇ ಕೃಷಿ ಮಾಡುವುದರಲ್ಲಿ ಎಲ್ಲರಿಗಿಂತ ಮುಂದಿರುವುದು ರೊಲೆಕ್ಸ್. ವರ್ಷಕ್ಕೆ ಹತ್ತು ಲಕ್ಷಕ್ಕೂ ಹೆಚ್ಚು ಗಡಿಯಾರ ತಯಾರಿಸುತ್ತದೆಂದು ಅಂದಾಜಿರುವ ಕಂಪನಿಯ ವಸ್ತುವನ್ನು ಅಪರೂಪವೆನ್ನಲು ಬರುವುದಿಲ್ಲ. ಆದರೂ ಅದರ ಜನಪ್ರಿಯ ಮಾದರಿಗಳಿಗೆ ಗಿರಾಕಿ ತಿಂಗಳುಗಟ್ಟಲೆ, ಕೆಲವೊಮ್ಮೆ ವರ್ಷಗಟ್ಟಲೆ ಕಾಯಬೇಕು. ಹಣ ಹಿಡಿದು ಅಂಗಡಿಗೆ ಹೋದವನನ್ನೇ ಅಂಗಡಿಯವನು ಯೋಗ್ಯನೋ ಅಲ್ಲವೋ ಎಂದು ಅಳೆಯುವ ವ್ಯಾಪಾರ ಜಗತ್ತಿನಲ್ಲಿ ಹೆಚ್ಚಿಲ್ಲ. ನ್ಯಾಯಬೆಲೆ ಅಂಗಡಿಯ ಸಾಲು, ಸ್ಕೂಟರಿಗೆ ಹೆಸರು ನೋಂದಾಯಿಸಿ ವರ್ಷಗಟ್ಟಲೆ ಕಾದ ದಿನಗಳನ್ನು ಕಂಡ ನನ್ನ ಪೀಳಿಗೆಯವರಿಗೆ, ಲಕ್ಷಾಧೀಶರೂ ಸಾಲಿನಲ್ಲಿ ನಿಂತಿರುವುದು ಸ್ವಲ್ಪ ಸಮಾಧಾನ ತಂದರೆ ಅದನ್ನು ಮನ್ನಿಸಬೇಕು.

ಸಾಲು ಇದ್ದಲ್ಲಿ ಕಾಳಸಂತೆ ಹುಟ್ಟುತ್ತದೆ. ಕೋವಿಡ್ ಕಾಲದಲ್ಲಿ ಮನೆಯಲ್ಲಿ ಕುಳಿತ ಹಣವಂತರು, ಕ್ರಿಪ್ಟೊ ಕರೆನ್ಸಿಯಲ್ಲಿ ದಿಢೀರ್ ಲಾಭ ಕಂಡವರು ಗಡಿಯಾರಕ್ಕೆ ಮುಗಿಬಿದ್ದರು. ಪಟೆಕ್ ಫಿಲಿಪ್ ಕಂಪನಿಯ ‘ನಾಟಿಲಸ್’ ಎಂಬ ಉಕ್ಕಿನ ಗಡಿಯಾರದ ಟಿಫನಿ ನೀಲಿ ಡಯಲಿನ ಮಾದರಿಯೊಂದು 2021ರ ಡಿಸೆಂಬರ್‌ನಲ್ಲಿ ನ್ಯೂಯಾರ್ಕಿನ ಹರಾಜಿನಲ್ಲಿ 65 ಲಕ್ಷ ಡಾಲರಿಗೆ ಹೋಯಿತು. ಅಂಗಡಿಯಲ್ಲಿ ಅದರ ಬೆಲೆ 53 ಸಾವಿರ ಡಾಲರಿನ ಆಸುಪಾಸು. ಆ ಹರಾಜಿನ ಹಣ ದತ್ತಿಗೆ ಸಂದಿತೆಂಬುದು ನಿಜ. ಆದರೆ ಅದು ಹಚ್ಚಿದ ಜ್ವರ ದತ್ತಿಯದಾಗಿರಲಿಲ್ಲ. ಗಡಿಯಾರವನ್ನು ಷೇರಿನಂತೆ ಕೊಂಡು ಮಾರುವವರ ಪಡೆಯೇ ಹುಟ್ಟಿತು. 2022ರ ವಸಂತದಲ್ಲಿ ಶಿಖರ ಮುಟ್ಟಿದ ಬಳಸಿದ ಗಡಿಯಾರಗಳ ಬೆಲೆ, ಬಡ್ಡಿದರ ಏರಿ ಕ್ರಿಪ್ಟೊ ಕುಸಿಯುತ್ತಿದ್ದಂತೆ ಜಾರತೊಡಗಿತು. ಮೇಲೆ ಏರಿದ್ದಾಗ ಕೊಂಡು ಹೂಡಿಕೆಯೆಂದು ನಂಬಿದವರು ಕೈ ಸುಟ್ಟುಕೊಂಡರು. ಈಗ ನಮ್ಮ ನಗರಗಳಲ್ಲೂ ‘ಇದು ಖರ್ಚಲ್ಲ, ಹೂಡಿಕೆ’ ಎಂದು ಮಾರುವ ಮಾತು ಕೇಳಿಬರುತ್ತಿದೆ. ಬಾಡಿಗೆಯನ್ನೂ ಲಾಭಾಂಶವನ್ನೂ ಕೊಡದ, ಆಗಾಗ್ಗೆ ದುಬಾರಿ ದುರಸ್ತಿ ಬೇಡುವ ವಸ್ತು ಯಾವ ಅರ್ಥದಲ್ಲಿ ಹೂಡಿಕೆಯೋ ನನಗೆ ತಿಳಿಯದು. ಬಂಗಾರವನ್ನಾದರೂ ಯಾವ ಊರಿನಲ್ಲೂ ತೂಕ ಹಾಕಿ ಮಾರಬಹುದು.

ಗಡಿಯಾರಕ್ಕೆ ಇನ್ನೊಂದು ಬಗೆಯ ಬೇಡಿಕೆ ಇದೆ; ಅದರ ಬಗ್ಗೆ ಉದ್ಯಮ ಬಾಯಿ ಬಿಡುವುದಿಲ್ಲ. ಒಂದು ಫ್ಲ್ಯಾಟಿನ ಬೆಲೆಯ ವಸ್ತುವನ್ನು ಅಂಗಿಯ ತೋಳಿನೊಳಗೆ ಅಡಗಿಸಿ ಕೊಂಡೊಯ್ಯಬಹುದು, ಗೆಳೆತನದ ಕುರುಹೆಂದು ಕೊಡಬಹುದು. ನಾನು ಸೇವೆಯಲ್ಲಿದ್ದಷ್ಟು ಕಾಲ ವಾರ್ಷಿಕ ಆಸ್ತಿ ವಿವರಣಾ ಪಟ್ಟಿಗಳಲ್ಲಿ ನಿವೇಶನ, ಒಡವೆ, ಕಾರುಗಳನ್ನು ಕಂಡಿದ್ದೇನೆ. ಕೈಗಡಿಯಾರವನ್ನು ನಮೂದಿಸಿದ ಒಂದು ಪಟ್ಟಿಯನ್ನೂ ಕಂಡ ನೆನಪಿಲ್ಲ. ಚೀನಾದಲ್ಲಿ ಈ ಬೇಡಿಕೆ ಎಷ್ಟು ದೊಡ್ಡದಿತ್ತೆಂಬುದು ಅದು ನಿಂತಾಗಲೇ ಗೊತ್ತಾಯಿತು. 2012ರ ಆಗಸ್ಟ್‌ನಲ್ಲಿ ಶಾಂಕ್ಸಿ ಪ್ರಾಂತದ ಬಸ್ ದುರಂತದ ಸ್ಥಳದಲ್ಲಿ ಯಾಂಗ್ ದಾಚಾಯ್ ಎಂಬ ಅಧಿಕಾರಿ ನಗುತ್ತ ನಿಂತ ಚಿತ್ರ ಪ್ರಕಟವಾಯಿತು. ಸಿಟ್ಟಿಗೆದ್ದ ಜನ ಆತನ ಹಳೆಯ ಚಿತ್ರಗಳನ್ನು ಹುಡುಕಿದರು. ಒಂದೊಂದರಲ್ಲೂ ಒಂದೊಂದು ದುಬಾರಿ ಗಡಿಯಾರ! ಮರುವರ್ಷ ಲಂಚ ಹಾಗೂ ಅಕ್ರಮ ಸಂಪತ್ತಿನ ಆರೋಪದ ಮೇಲೆ ಆತನಿಗೆ 14 ವರ್ಷ ಸೆರೆಯಾಯಿತು. ಷಿ ಜಿನ್‌ಪಿಂಗ್ ಅಧಿಕಾರಕ್ಕೆ ಬಂದು ಭ್ರಷ್ಟಾಚಾರ ವಿರೋಧಿ ಅಭಿಯಾನ ಬಿಗಿಗೊಂಡಂತೆ, ಸ್ವಿಸ್ ಗಡಿಯಾರಗಳ ಅತಿದೊಡ್ಡ ಮಾರುಕಟ್ಟೆಯಾಗಿದ್ದ ಹಾಂಗ್‌ಕಾಂಗ್‌ಗೆ ರಫ್ತು 2012 ಮತ್ತು 2016ರ ನಡುವೆ ಹೆಚ್ಚು ಕಡಿಮೆ ಅರ್ಧಕ್ಕೆ ಬಂತು. ಪ್ರಜಾಪ್ರಭುತ್ವಗಳೂ ಈ ಮುಜುಗರದಿಂದ ಹೊರತಲ್ಲ. 2016ರಲ್ಲಿ ಆಗ ಮುಖ್ಯಮಂತ್ರಿಯಾಗಿದ್ದ ಸಿದ್ದರಾಮಯ್ಯನವರ ಹ್ಯೂಬ್ಲೊ ಗಡಿಯಾರ ವಿಧಾನಮಂಡಲದಲ್ಲಿ ಕೋಲಾಹಲವೆಬ್ಬಿಸಿದ್ದು, ಅದು ಸ್ನೇಹಿತರ ಉಡುಗೊರೆಯೆಂದು ವಿವರಿಸಿದ ಅವರು ಕೊನೆಗೆ ಅದನ್ನು ವಿಧಾನಸಭಾಧ್ಯಕ್ಷರಿಗೆ ಒಪ್ಪಿಸಿದ್ದು ಓದುಗರಿಗೆ ನೆನಪಿರಬಹುದು. 2025ರ ಏಪ್ರಿಲ್‌ನಲ್ಲಿ ಕೇಂದ್ರ ಸರ್ಕಾರ ಹತ್ತು ಲಕ್ಷ ರೂಪಾಯಿ ಮೀರಿದ ಕೈಗಡಿಯಾರದ ಮಾರಾಟದ ಮೇಲೆ ಶೇ 1ರಷ್ಟು ತೆರಿಗೆಯನ್ನು ಮೂಲದಲ್ಲೇ ಸಂಗ್ರಹಿಸಲು ಆದೇಶಿಸಿದ್ದು ಈ ಕಾರಣಕ್ಕೆ ಒಳ್ಳೆಯ ಕ್ರಮ. ತೆರಿಗೆಯ ಮೊತ್ತ ಮುಖ್ಯವಲ್ಲ. ಕೊಂಡವರ ಹೆಸರು ಕಡತದಲ್ಲಿ ಉಳಿಯುತ್ತದೆ.

ಚೀನಾದ ಪೆಟ್ಟು ಅಷ್ಟಕ್ಕೇ ಮುಗಿಯಲಿಲ್ಲ. ಅಲ್ಲಿನ ವಸತಿ ನಿರ್ಮಾಣ ಕ್ಷೇತ್ರ ಕುಸಿದಂತೆ 2024ರಲ್ಲಿ ಚೀನಾಕ್ಕೆ ಸ್ವಿಸ್ ಗಡಿಯಾರ ರಫ್ತು ಕಾಲುಭಾಗ ಇಳಿಯಿತು. ಆ ಮಾರುಕಟ್ಟೆಯನ್ನೇ ನೆಚ್ಚಿದ್ದ ಸ್ವಾಚ್ ಸಮೂಹದ ನಿವ್ವಳ ಲಾಭ ಒಂದೇ ವರ್ಷದಲ್ಲಿ 89 ಕೋಟಿ ಫ್ರಾಂಕಿನಿಂದ 22 ಕೋಟಿಗೆ ಬಿತ್ತು. ಹೆಚ್ಚು ಕೊಳ್ಳುವ ದೇಶವಾಗಿ ಉಳಿದದ್ದು ಅಮೆರಿಕ. ಅದೂ 2025ರ ಆಗಸ್ಟ್‌ನಲ್ಲಿ ಸ್ವಿಸ್ ಸರಕಿನ ಮೇಲೆ ಶೇ 39ರ ಸುಂಕ ಹೇರಿತು. ನವೆಂಬರ್‌ನಲ್ಲಿ ಅದನ್ನು ಶೇ 15ಕ್ಕೆ ಇಳಿಸುವ ಒಪ್ಪಂದವಾಯಿತೆನ್ನಿ. ಇಂತಹ ಬಿರುಗಾಳಿಯಲ್ಲೂ ರೊಲೆಕ್ಸ್, ಪಟೆಕ್ ಫಿಲಿಪ್, ಓಡೆಮಾರ್ ಪಿಗೇ, ರಿಷಾರ್ ಮಿಲ್ ಎಂಬ ನಾಲ್ಕು ಹೆಸರುಗಳು ಉದ್ಯಮದ ವಹಿವಾಟಿನ ಅರ್ಧಕ್ಕೆ ಸಮೀಪದ ಪಾಲು ಪಡೆಯುತ್ತಿವೆ ಎಂಬುದು ಮಾರ್ಗನ್ ಸ್ಟ್ಯಾನ್ಲಿ ಸಂಸ್ಥೆಯ ಅಂದಾಜು. ನಾಲ್ಕೂ ಷೇರುಪೇಟೆಗೆ ಬಾರದ, ಖಾಸಗಿ ಇಲ್ಲವೇ ಪ್ರತಿಷ್ಠಾನದ ಒಡೆತನದ ಕಂಪನಿಗಳು. ಮೂರು ತಿಂಗಳಿಗೊಮ್ಮೆ ಷೇರುದಾರರಿಗೆ ಲೆಕ್ಕ ಒಪ್ಪಿಸಬೇಕಿಲ್ಲದವರು ಮಾತ್ರ ಕಡಿಮೆ ಮಾರುವ ಧೈರ್ಯ ತೋರಬಲ್ಲರು. ಪೆಟ್ಟು ಬಿದ್ದಿರುವುದು ನಡುವಿನವರಿಗೆ. ಉಪಾಧ್ಯಾಯನೊಬ್ಬ ಒಂದೆರಡು ತಿಂಗಳ ಉಳಿತಾಯದಲ್ಲಿ ಕೊಳ್ಳಬಹುದಾಗಿದ್ದ ಸ್ವಿಸ್ ಗಡಿಯಾರ ಹೆಚ್ಚುಕಡಿಮೆ ಮರೆಯಾಗಿದೆ. ಅವುಗಳಿಗೆ ಬಿಡಿಭಾಗ ಮಾಡಿಕೊಡುತ್ತಿದ್ದ ಸಣ್ಣ ಕಾರ್ಖಾನೆಗಳು ಕೆಲಸದ ಅವಧಿ ಕಡಿತಗೊಳಿಸಿ, ಸರ್ಕಾರದ ಭತ್ಯೆಯಲ್ಲಿ ಕಾರ್ಮಿಕರನ್ನು ಉಳಿಸಿಕೊಂಡ ವರದಿಗಳಿವೆ. ಸಂಖ್ಯೆ ಇಲ್ಲದೆ ಕಸುಬು ಉಳಿಯದು. ವರ್ಷಕ್ಕೆ ಕೆಲವೇ ಸಾವಿರ ಗಡಿಯಾರ ಮಾಡುವವನು ಸ್ಪ್ರಿಂಗು, ಸ್ಕ್ರೂ ಮಾಡುವವನನ್ನು ಸಾಕಲಾರ.

ಈಗ ನಮ್ಮ ಕಡೆಗೆ. 2024ರಲ್ಲಿ ಭಾರತಕ್ಕೆ ಬಂದ ಸ್ವಿಸ್ ಗಡಿಯಾರಗಳ ಮೌಲ್ಯ ಸುಮಾರು 27 ಕೋಟಿ ಫ್ರಾಂಕ್. ಹಿಂದಿನ ವರ್ಷಕ್ಕಿಂತ ಕಾಲುಭಾಗ ಹೆಚ್ಚು, ಆದರೂ ಅವರ ಒಟ್ಟು ರಫ್ತಿನಲ್ಲಿ ನೂರಕ್ಕೆ ಒಂದು ಪಾಲು. ಪುಟ್ಟ ಅರಬ್ ಎಮಿರೇಟ್ಸ್ ನಮ್ಮ ನಾಲ್ಕು ಪಟ್ಟಿಗೂ ಹೆಚ್ಚು ಕೊಳ್ಳುತ್ತದೆ. ಅಲ್ಲಿ ಕೊಳ್ಳುವವರಲ್ಲಿ ನಮ್ಮವರೂ ಕಡಿಮೆಯಿಲ್ಲ. ಮೌಲ್ಯವನ್ನು ರೂಪಾಯಿಗೆ ಪರಿವರ್ತಿಸಿದರೆ ಎರಡೂವರೆ ಸಾವಿರ ಕೋಟಿ. ಬಿಟ್ಟುಕೊಡುವ ಸುಂಕ, ಸ್ಥೂಲ ಲೆಕ್ಕದಲ್ಲಿ, ವರ್ಷಕ್ಕೆ ಐದುನೂರು ಕೋಟಿ. ಬೊಕ್ಕಸಕ್ಕೆ ಇದು ದೊಡ್ಡ ಮೊತ್ತವಲ್ಲ. ಆದರೆ ಅಷ್ಟೂ ಗಿರಾಕಿಗೆ ತಲಪುತ್ತದೆಂಬ ಭರವಸೆ ನನಗಿಲ್ಲ. ಮೇಲ್ವರ್ಗದ ಗಡಿಯಾರದ ಬೆಲೆಯನ್ನು ನಿರ್ಧರಿಸುವುದು ಜಿನೀವಾ. ದುಬೈ, ಮುಂಬೈ ಎರಡರಲ್ಲೂ ಸಮನಾಗಿರಲೆಂದು ಇದುವರೆಗೆ ತಮ್ಮ ಲಾಭವನ್ನು ತುಸು ಬಿಟ್ಟುಕೊಟ್ಟ ಕಂಪನಿಗಳು, ಸುಂಕ ಇಳಿದಾಗ ಆ ಲಾಭವನ್ನೇ ಮರಳಿ ತುಂಬಿಕೊಳ್ಳಬಹುದು.

ಒಪ್ಪಂದದ ಇನ್ನೊಂದು ಮುಖ ಇದಕ್ಕಿಂತ ಮಹತ್ವದ್ದು. ಹದಿನೈದು ವರ್ಷಗಳಲ್ಲಿ ಹತ್ತು ಸಾವಿರ ಕೋಟಿ ಡಾಲರ್ ಹೂಡಿಕೆ ಮತ್ತು ಹತ್ತು ಲಕ್ಷ ನೇರ ಉದ್ಯೋಗಗಳನ್ನು ಉತ್ತೇಜಿಸುವುದಾಗಿ ಆ ನಾಲ್ಕು ದೇಶಗಳು ಒಪ್ಪಿವೆ. ಗಡಿಯಾರ ಉದ್ಯಮದಿಂದ ಅದರಲ್ಲಿ ಎಷ್ಟು ಪಾಲು ಬರಬೇಕೆಂದು ಕೇಳುವ ಅರ್ಹತೆ ಬೆಂಗಳೂರಿಗಿದೆ. ಜಪಾನಿನ ಸಿಟಿಜನ್ ಸಹಯೋಗದಲ್ಲಿ ಎಚ್‌ಎಂಟಿ ಇಲ್ಲಿ ಕೈಗಡಿಯಾರ ಮಾಡತೊಡಗಿದ್ದು 1961ರಲ್ಲಿ. ಪರೀಕ್ಷೆ ಪಾಸಾದ ಮಗನಿಗೆ, ಕೈಹಿಡಿದ ಅಳಿಯನಿಗೆ ಎಚ್‌ಎಂಟಿ ಕೊಡುವುದು ಎರಡು ಪೀಳಿಗೆಗಳ ವಾಡಿಕೆಯಾಗಿತ್ತು. ಎಂಬತ್ತರ ದಶಕದಲ್ಲಿ ಟಾಟಾ ಸಮೂಹ ಮತ್ತು ತಮಿಳುನಾಡು ಸರ್ಕಾರದ ನಿಗಮ ಸೇರಿ, ನಮ್ಮ ಗಡಿಯಿಂದ ಕೂಗಳತೆಯ ಹೊಸೂರಿನಲ್ಲಿ ಟೈಟನ್ ಸ್ಥಾಪಿಸಿ ಕ್ವಾರ್ಟ್ಜ್ ಹಿಡಿದಾಗ, ಎಚ್‌ಎಂಟಿ ಕೀಲಿ ಕೊಡುವ ಗಡಿಯಾರವನ್ನೇ ಬಹುಪಾಲು ನೆಚ್ಚಿ ಕುಳಿತಿತ್ತು. 2016ರ ಜನವರಿಯಲ್ಲಿ ಅದರ ಗಡಿಯಾರ ಘಟಕವನ್ನು ಮುಚ್ಚಲು ಕೇಂದ್ರ ಸಂಪುಟ ಒಪ್ಪಿತು. ತುಮಕೂರಿನ ಕಾರ್ಖಾನೆಯ ಜಮೀನು ಇಸ್ರೊ ಪಾಲಾಯಿತು. ಸ್ವಿಸ್ಸರನ್ನು ಉಳಿಸಿದ ಯಾಂತ್ರಿಕ ಗಡಿಯಾರವೇ ಎಚ್‌ಎಂಟಿಯನ್ನು ಮುಳುಗಿಸಿದ್ದು ವಿಪರ್ಯಾಸ. ಮುಚ್ಚಿದ ಬಳಿಕ ‘ಜನತಾ’, ‘ಪೈಲಟ್’ ಮಾದರಿಗಳಿಗೆ ಸಂಗ್ರಾಹಕರು ಮುಗಿಬಿದ್ದದ್ದು ಇನ್ನೂ ದೊಡ್ಡ ವಿಪರ್ಯಾಸ.

ಆದರೆ ಕೌಶಲ ಪೂರ್ತಿ ಅಳಿದಿಲ್ಲ. ಕೆಡಿಡಿಎಲ್ ಎಂಬ ಭಾರತೀಯ ಕಂಪನಿಯ ಬೆಂಗಳೂರು ಘಟಕದಲ್ಲಿ ತಯಾರಾಗುವ ಮುಳ್ಳುಗಳು ಸ್ವಿಸ್ ಗಡಿಯಾರಗಳಲ್ಲಿ ತಿರುಗುತ್ತಿವೆ. ಟೈಟನ್ 2025ರಲ್ಲಿ ನಲವತ್ತು ಲಕ್ಷ ರೂಪಾಯಿ ಮೀರಿದ, ಟೂರ್ಬಿಯಾನ್ ಯಂತ್ರವುಳ್ಳ ಹತ್ತೇ ಹತ್ತು ಗಡಿಯಾರಗಳನ್ನು ತಯಾರಿಸಿ ತನ್ನ ಕೈಚಳಕ ತೋರಿತು. 2017ರಿಂದ ಜಾರಿಯಲ್ಲಿರುವ ಸ್ವಿಸ್ ಕಾನೂನಿನಂತೆ, ಡಯಲಿನ ಮೇಲೆ ‘ಸ್ವಿಸ್ ಮೇಡ್’ ಎಂದು ಬರೆಯಲು ತಯಾರಿಕಾ ವೆಚ್ಚದ ಶೇ 60ರಷ್ಟು ಸ್ವಿಟ್ಜರ್‌ಲೆಂಡಿನಲ್ಲೇ ಆಗಿರಬೇಕು. ಉಳಿದ ಶೇ 40ಕ್ಕೆ ಹೊರಗಿನವರಿಗೆ ಅವಕಾಶವಿದೆ. ಅದರ ದೊಡ್ಡ ಪಾಲು ಈಗ ಚೀನಾದ್ದು. ಒಪ್ಪಂದದ ಪರಾಮರ್ಶೆಗೆ ಕೂರುವ ನಮ್ಮ ಅಧಿಕಾರಿಗಳು ಕೇಳಬೇಕಾದದ್ದು ಈ ನಲವತ್ತರಲ್ಲಿ ನಮಗೆಷ್ಟು ಎಂದು: ಡಯಲು, ಮುಳ್ಳು, ಕೇಸು, ಲೋಹದ ಪಟ್ಟಿ, ಜೊತೆಗೆ ದುರಸ್ತಿಗಾರರ ತರಬೇತಿ. ಲಕ್ಷಾಂತರ ರೂಪಾಯಿಯ ಗಡಿಯಾರ ಕೆಟ್ಟರೆ ಅದನ್ನು ವಿದೇಶಕ್ಕೆ ಕಳುಹಿಸಿ ತಿಂಗಳುಗಟ್ಟಲೆ ಕಾಯುವ ಗಿರಾಕಿಗಳು ಬೆಂಗಳೂರಿನಲ್ಲಿದ್ದಾರೆ. ಅದನ್ನು ಬಿಚ್ಚಿ ಜೋಡಿಸಬಲ್ಲ ಎಚ್‌ಎಂಟಿಯ ಹಳೆಯ ಕೈಗಳೂ ಇದೇ ನಗರದಲ್ಲಿವೆ, ಅವುಗಳಿಗೆ ವಯಸ್ಸಾಗುತ್ತಿದೆ.