ಗರಡಿಯ ಮೇಷ್ಟ್ರು ಬರೆದ ಚಿತ್ರಕಾರನ ಕಥೆ

ಟೌನ್‌ಹಾಲ್ ಕಡೆಯಿಂದ ಜೆ.ಸಿ. ರಸ್ತೆಗೆ ಬಂದರೆ ಈಗ ಕಣ್ಣಿಗೆ ಬೀಳುವುದು ಕಾರಿನ ಬಿಡಿಭಾಗಗಳ ಅಂಗಡಿಗಳು. ಇದೇ ರಸ್ತೆಯಲ್ಲಿ ಪ್ರೊಫೆಸರ್ ಕೆ.ವಿ. ಅಯ್ಯರ್ ಅವರ ವ್ಯಾಯಾಮಶಾಲೆ ಇತ್ತು. ಚಾಮರಾಜಪೇಟೆಯಿಂದ ನಡೆದೇ ಹೋಗುವಷ್ಟು ದೂರ.

ಮಕ್ಕಳೇ, ಅವರು ಕಾಲೇಜಿನ ಪ್ರೊಫೆಸರ್ ಅಲ್ಲ, ಅಂಗಸಾಧನೆಯ ಗುರುಗಳು. ಕೋಲಾರದ ಕಡೆಯ ದೇವರಾಯಸಮುದ್ರದವರು. ಭಾರ ಎತ್ತುವುದು, ಸೂರ್ಯನಮಸ್ಕಾರ, ಯೋಗಾಸನ ಎಲ್ಲವನ್ನೂ ಬೆರೆಸಿ ಕಲಿಸುತ್ತಿದ್ದರು. ದೂರದ ಊರಿನವರಿಗೆ ಅಂಚೆಯಲ್ಲೇ ಪಾಠ. ಮೈಸೂರು ಮಹಾರಾಜರಾದ ನಾಲ್ವಡಿ ಕೃಷ್ಣರಾಜ ಒಡೆಯರೂ ಅವರಿಂದ ವ್ಯಾಯಾಮ ಕಲಿತವರೇ. 1930ರಲ್ಲಿ ‘ಮಸಲ್ ಕಲ್ಟ್’ ಎಂಬ ಇಂಗ್ಲಿಷ್ ಪುಸ್ತಕವನ್ನೂ ಬರೆದರು.

ಅಯ್ಯರ್ ಫೋಟೋಗಳನ್ನು ನೀವು ನೋಡಬೇಕು! ಹಳೆಯ ಗ್ರೀಕ್ ಶಿಲ್ಪಗಳ ಹಾಗೆ ನಿಂತು ತೆಗೆಸಿಕೊಂಡವು. ಇಂಥ ಫೋಟೋಗೆ ನಿಲ್ಲುವುದು ಸುಲಭವಲ್ಲ. ಮಾಂಸಖಂಡ ಬಿಗಿ ಹಿಡಿದಿರಬೇಕು, ಮುಖ ಮಾತ್ರ ಸಡಿಲವಾಗಿರಬೇಕು. ಬೆಳಕು ಪಕ್ಕದಿಂದ ಬಿದ್ದರೇನೇ ತೋಳಿನ ಉಬ್ಬುತಗ್ಗು ಕಾಣುವುದು. (ನನ್ನ ಮೊಮ್ಮಗ ಕನ್ನಡಿ ಮುಂದೆ ಪ್ರಯತ್ನಿಸಿದ. ಅರ್ಧ ನಿಮಿಷಕ್ಕೇ ನಕ್ಕುಬಿಟ್ಟ.)

ಹೀಗೆ ತಾವೇ ಚಿತ್ರಕ್ಕೆ ನಿಂತವರು ಮುಂದೆ ಚಿತ್ರಕ್ಕೆ ಕೂತವನೊಬ್ಬನ ಕಾದಂಬರಿ ಬರೆದರು. ಹೆಸರು ‘ರೂಪದರ್ಶಿ’. ಇಂಗ್ಲಿಷ್ ಪತ್ರಿಕೆಯೊಂದರಲ್ಲಿ ಓದಿದ ಪುಟ್ಟ ಪ್ರಸಂಗವೇ ಅದಕ್ಕೆ ಬೀಜ. ಇಟಲಿಯ ಕಲಾವಿದನೊಬ್ಬನಿಗೆ ಬಾಲ ಯೇಸುವಿನ ಚಿತ್ರ ಬರೆಯಲು ಮುಗ್ಧ ಮುಖವೊಂದು ಬೇಕು. ಹುಡುಕಿ ಹುಡುಕಿ ಒಬ್ಬ ಹುಡುಗ ಸಿಗುತ್ತಾನೆ. ವರ್ಷಗಳು ಉರುಳುತ್ತವೆ. ಈಗ ಯೇಸುವಿಗೆ ದ್ರೋಹ ಬಗೆದ ಜುದಾಸನನ್ನು ಚಿತ್ರಿಸಬೇಕು. ಅದಕ್ಕೆ ಕ್ರೂರ ಮುಖವೇ ಬೇಕಲ್ಲ? ಮತ್ತೆ ಹುಡುಕಾಟ. ಕೊನೆಗೆ ಸಿಕ್ಕವನನ್ನು ಕರೆತಂದು ನೋಡಿದರೆ, ಅವನೇ ಆ ಹುಡುಗ!

ನಾನು ಬ್ಯಾಂಕಿನಲ್ಲಿದ್ದಾಗ ಚೆಕ್ಕಿನ ಸಹಿಯನ್ನು ಕಾರ್ಡಿನ ಸಹಿಗೆ ತಾಳೆ ನೋಡುತ್ತಿದ್ದೆ. ಇಪ್ಪತ್ತು ವರ್ಷದಲ್ಲಿ ಸಹಿ ಗುರುತೇ ಸಿಗದಷ್ಟು ಬದಲಾಗಿರುತ್ತಿತ್ತು. ಕೈ ನಡುಗುವ ವೃದ್ಧರನ್ನು ಕೌಂಟರಿನ ಮುಂದೆ ಮತ್ತೆ ಸಹಿ ಹಾಕಿಸುತ್ತಿದ್ದೆವು. ಕಾರ್ಡಿನ ಹಳೆಯ ಸಹಿ ತೋರಿಸಿದರೆ ಕೆಲವರು ಅದನ್ನೇ ನೋಡುತ್ತ ಕೂತುಬಿಡುತ್ತಿದ್ದರು. ‘ರೂಪದರ್ಶಿ’ಯ ಕೊನೆ ಓದಿದಾಗಲೆಲ್ಲ ನನಗೆ ಅವರ ಮುಖ ನೆನಪಾಗುತ್ತದೆ.

ಮೈ ಎಂದರೆ ಏನು, ಅದು ಹೇಗೆ ಕೂಡಿಬರುತ್ತದೆ, ಹೇಗೆ ಕೆಡುತ್ತದೆ ಎಂಬುದು ಅಯ್ಯರ್ ದಿನವೂ ನೋಡುತ್ತಿದ್ದ ವಿಷಯ. ಅದಕ್ಕೇ ಈ ಕಥೆ ಅವರ ಕೈಯಲ್ಲಿ ಇಷ್ಟು ಚೆನ್ನಾಗಿ ಬಂತು ಎನ್ನುವುದು ನನ್ನ ಲೆಕ್ಕ. ನಾಟಕಕಾರ ಕೈಲಾಸಂ ಅವರ ಆಪ್ತ ಗೆಳೆಯರು. ಹೊಯ್ಸಳ ರಾಣಿಯ ಕಾದಂಬರಿ ‘ಶಾಂತಲಾ’ ಕೂಡ ಅಯ್ಯರ್ ಅವರದೇ. ಡಂಬೆಲ್ಸ್ ಹಿಡಿದ ಅವರ ಫೋಟೋ ನೋಡಿದವರು ಈ ಕೈ ಲೇಖನಿಯನ್ನೂ ಹಿಡಿದಿತ್ತು ಎಂದರೆ ಸುಲಭಕ್ಕೆ ನಂಬುವುದಿಲ್ಲ.